ಆರನೇ ಅಧ್ಯಾಯ ಓದಿ ಬಂದ ಹುಡುಗಿ

ರಾಣೆಬೆನ್ನೂರಿನ ಕಾಲೇಜೊಂದರಲ್ಲಿ ಜೀವಶಾಸ್ತ್ರ ಪಾಠ ಹೇಳಿ ನಿವೃತ್ತಳಾದ ಮೇಲೆ ನಾನು ಕನ್ನಡದಲ್ಲಿ ಮೂರು ಪುಸ್ತಕ ಬರೆದೆ. ಒಂದು ಆರೋಗ್ಯದ ಬಗ್ಗೆ, ಒಂದು ಮುಪ್ಪಿನ ಬಗ್ಗೆ, ಇನ್ನೊಂದು ಅನುವಂಶೀಯತೆಯ ಬಗ್ಗೆ. ಮುಪ್ಪಿನ ಪುಸ್ತಕ ಕೊಂಡ ನನ್ನ ಓರಗೆಯವರು ಮೊಣಕಾಲು ನೋವಿಗೆ ಏನು ಮಾಡಬೇಕೆಂದು ಫೋನು ಮಾಡಿ ಕೇಳುತ್ತಾರೆ. ಡಾಕ್ಟರ ಹತ್ತಿರ ಹೋಗಿ ಎನ್ನುತ್ತೇನೆ. ಅದು ಸುಲಭ. ಅನುವಂಶೀಯತೆಯ ಪುಸ್ತಕ ಓದಿದವರು ಸಲಹೆ ಕೇಳಲು ಫೋನು ಮಾಡುವುದಿಲ್ಲ. ಒಬ್ಬಳು ಮಾತ್ರ ನೇರ ಮನೆಗೇ ಬಂದಳು.

ಹೋದ ವರ್ಷ ಮೆಣಸಿನಕಾಯಿ ಸುಗ್ಗಿಯ ದಿನಗಳು. ಮಧ್ಯಾಹ್ನದ ಊಟ ಮುಗಿದಿತ್ತು. ಬಾಗಿಲಲ್ಲಿ ಇಪ್ಪತ್ತೈದರ ಒಳಗಿನ ಹುಡುಗಿಯೊಬ್ಬಳು ಒಂದು ಕೈಯಲ್ಲಿ ನನ್ನ ಪುಸ್ತಕ ಹಿಡಿದು, ದುಪಟ್ಟಾದ ತುದಿಯಿಂದ ಮೂಗು ಒರೆಸಿಕೊಳ್ಳುತ್ತ ನಿಂತಿದ್ದಳು. ಅತ್ತಿದ್ದಾಳೆ ಅಂದುಕೊಂಡೆ. ಅಲ್ಲ, ಬ್ಯಾಡಗಿಯ ಮೆಣಸಿನಕಾಯಿ ಕೋಲ್ಡ್ ಸ್ಟೋರೇಜ್ ಆಫೀಸಿನಲ್ಲಿ ಕೆಲಸವಂತೆ, ಖಾರದ ಘಾಟಿಗೆ ಮೂಗು ಸುರಿಯುವುದು ನಿಲ್ಲುವುದೇ ಇಲ್ಲವಂತೆ.

"ಈ ಪುಸ್ತಕಾ ಬರದವರು ನೀವ ಏನ್ರಿ?"

"ಹೌದವಾ. ಬಾ, ಒಳಗ ಕುಂದ್ರು."

ಕುರ್ಚಿಯ ಅಂಚಿನಲ್ಲಿ ಕೂತು ಒಂದೇ ಉಸಿರಿಗೆ ಹೇಳಿದಳು. "ನನ್ನ ಲಗ್ನ ನಿಂತೈತ್ರಿ. ಹಲಗೇರ್ಯಾಗಿನ ನಮ್ಮ ಮಾಮಾಗ ಕೊಡೋದಂತ ಮಾತಾಗಿತ್ತು. ನಮ್ಮವ್ವನ ಖಾಸಾ ತಮ್ಮ. ಅಪ್ಪ ನಿಮ್ಮ ಪುಸ್ತಕದ ಆರನೇ ಅಧ್ಯಾಯ ಓದಿ ಬ್ಯಾಡ ಅಂದಾನ. ಅವ್ವ ಊಟಾ ಬಿಟ್ಟಾಳ. ಈಗ ನೀವ ಹೇಳ್ರಿ, ಮಾಡ್ಕೋಬೇಕೋ ಬ್ಯಾಡೋ?"

ಆರನೇ ಅಧ್ಯಾಯ ರಕ್ತಸಂಬಂಧದ ಮದುವೆಯ ಕುರಿತದ್ದು. ಅದರಲ್ಲಿದ್ದುದನ್ನೇ ಹೇಳಿದೆ. ತಾಯಿಯಲ್ಲೂ ತಂದೆಯಲ್ಲೂ ಒಂದೇ ದೋಷ ಅಡಗಿದ್ದರೆ ಮಗುವಿನಲ್ಲಿ ಅದು ಕಾಣಿಸಿಕೊಳ್ಳಬಹುದು, ಒಂದೇ ಮನೆತನದವರಾದರೆ ಆ ಸಂಭವ ಹೆಚ್ಚು. ಹಾಗಂತ ಎಲ್ಲ ಮಕ್ಕಳಿಗೂ ಆಗುತ್ತದೆಂದಲ್ಲ, ಬಹಳಷ್ಟು ಮಕ್ಕಳು ಚೆನ್ನಾಗಿಯೇ ಇರುತ್ತಾರೆ. ಹೇಳುತ್ತ ಹೋದಂತೆ ನನ್ನ ಮಾತು ನನಗೇ ಕ್ಲಾಸಿನ ಪಾಠದ ಹಾಗೆ ಕೇಳಿಸಿತು. ಯಾಕೆಂದರೆ ಆ ಹೊತ್ತಿಗೆ ಚಹಾ ಹಿಡಿದುಕೊಂಡು ಒಳಗಿನಿಂದ ಬಂದ ನನ್ನ ಗಂಡ ನನ್ನ ತಾಯಿಯ ಒಡಹುಟ್ಟಿದ ತಮ್ಮ. ನಮ್ಮವ್ವ ಇರುವತನಕ ಅವರನ್ನು ಅಳಿಯ ಅನ್ನಲೇ ಇಲ್ಲ, ತಮ್ಮಾ ಎಂದೇ ಕರೆದಳು. ಮಾಮಾ ಅನ್ನುವುದನ್ನು ಬಿಡಲು ನನಗೂ ಒಂದು ವರ್ಷ ಹಿಡಿದಿತ್ತು.

ಇದನ್ನು ಪುಸ್ತಕದಲ್ಲಿ ಎಲ್ಲಿಯೂ ಬರೆದಿರಲಿಲ್ಲ. ಹುಡುಗಿಗೂ ಹೇಳಲಿಲ್ಲ. ಹೇಳಿದರೆ ಅವಳು "ಮಾಡಿಕೋ" ಎಂದು ತಿಳಿಯುತ್ತಾಳೋ "ಬೇಡ" ಎಂದು ತಿಳಿಯುತ್ತಾಳೋ, ಅದೇ ಗೊತ್ತಾಗಲಿಲ್ಲ.

ಅವಳು ಪುಸ್ತಕ ಬಿಡಿಸಿ ಒಂದು ಚಿತ್ರ ತೋರಿಸಿದಳು. ವಂಶದ ನಕ್ಷೆ ಅದು. ಗಂಡಸರಿಗೆ ಚೌಕ, ಹೆಂಗಸರಿಗೆ ವೃತ್ತ, ನೆಂಟರೊಳಗಿನ ಮದುವೆಗೆ ಜೋಡಿ ಗೆರೆ. ಜೋಡಿ ಗೆರೆಯ ಕೆಳಗೆ ಕಪ್ಪು ತುಂಬಿದ ಒಂದು ವೃತ್ತ, ಅಂದರೆ ದೋಷ ಕಾಣಿಸಿಕೊಂಡ ಮಗಳು.

"ಇದು ಯಾರ ಮನೀದ್ರಿ?"

"ಉದಾಹರಣೆಗಂತ ಹಾಕಿದ್ದವಾ," ಅಂದೆ.

ಕಿಟಕಿಯ ಹತ್ತಿರ ಕಂಪ್ಯೂಟರಿನ ಮುಂದೆ ನನ್ನ ಮಗಳು ಕೂತಿದ್ದಳು. ಅವಳಿಗೆ ಹುಟ್ಟಿನಿಂದ ಕಿವಿ ಕೇಳಿಸುವುದಿಲ್ಲ. ತುಟಿ ನೋಡಿ ಮಾತು ಹಿಡಿಯುತ್ತಾಳೆ. ಪುಸ್ತಕಗಳಿಗೆ ಚಿತ್ರ ಬರೆದುಕೊಡುವುದು ಅವಳ ಕೆಲಸ, ನನ್ನ ಮೂರೂ ಪುಸ್ತಕಗಳ ಚಿತ್ರ ಅವಳವೇ. ಅವಳು ಎದ್ದು ಬಂದು ಆ ಕಪ್ಪು ವೃತ್ತದ ಮೇಲೆ ಬೆರಳಿಟ್ಟಳು. ಆಮೇಲೆ ಅದೇ ಬೆರಳನ್ನು ತನ್ನ ಎದೆಯ ಮೇಲೆ ಇಟ್ಟುಕೊಂಡಳು. ಮೇಲಿನ ಚೌಕ ತೋರಿಸಿ ಅಪ್ಪನ ಕಡೆಗೆ ಕೈ ಮಾಡಿದಳು. ಅವರು ಚಹಾ ಕೊಡುವುದನ್ನು ಮರೆತು ಹಾಗೇ ನಿಂತಿದ್ದರು.

ಹುಡುಗಿ ನನ್ನ ಮುಖ ನೋಡಿದಳು. ಸಿಟ್ಟೇನೂ ಕಾಣಲಿಲ್ಲ. "ಹಂಗಾರ ನೀವೂ..." ಅಂದಳು.

ನಾನು ಹೌದೆಂದು ತಲೆಯಾಡಿಸಿದೆ. ನಕ್ಷೆಯ ಪಕ್ಕದಲ್ಲಿ ನನ್ನದೇ ಒಂದು ವಾಕ್ಯವಿತ್ತು: ಇಂಥ ಮಕ್ಕಳು ಹುಟ್ಟದಂತೆ ನೋಡಿಕೊಳ್ಳುವುದು ನಮ್ಮ ಕೈಯಲ್ಲಿದೆ. ಬರೆಯುವಾಗ ಇದು ಇಷ್ಟು ಒರಟಾಗಿತ್ತೇ ಎಂದು ನೆನಪಿಸಿಕೊಳ್ಳಲು ನೋಡಿದೆ. ಆಗಲಿಲ್ಲ.

ಮಗಳು ಒಂದು ಹಾಳೆ ತೆಗೆದುಕೊಂಡು ಹುಡುಗಿಗೆ ಬರೆದು ತೋರಿಸಿದಳು: "ಅವರು ನಿನಗೆ ಇಷ್ಟವೇ?" ನಮ್ಮ ಕಡೆಯ ಮಾತು ಕಿವಿಯ ಮೇಲೆ ಬೀಳದ ಕಾರಣ ಅವಳದು ಅಚ್ಚಿನ ಕನ್ನಡ.

ಹುಡುಗಿ ಹಾಳೆ ಓದಿ ಅವಳ ಕಡೆ ಮುಖ ಮಾಡಿದಳು. "ಗೊತ್ತಿಲ್ರಿ. ಸಣ್ಣಾಕಿ ಇದ್ದಾಗ ಹೆಗಲ ಮ್ಯಾಲೆ ಹೊತ್ತು ತಿರುಗ್ಯಾನ. ಭಾಳ ಛಲೋ ಮನಶಾ. ಆದ್ರ ಗಂಡ ಅಂತಂದ್ರ..." ಮಗಳ ಮೊಬೈಲ್ ನಂಬರನ್ನು ಅದೇ ಹಾಳೆಯಲ್ಲಿ ಬರೆಸಿಕೊಂಡಳು. ನಾಲ್ಕರ ಬಸ್ಸಿಗೆ ಹೋದಳು.

ಆಮೇಲೆ ಮಗಳನ್ನು ಕೇಳಿದೆ: ಪುಟದಲ್ಲಿ ಚಿತ್ರ ಕೂರಿಸುವಾಗ ಆ ವಾಕ್ಯ ಓದಿದ್ದೆಯಾ? ಹೂಂ ಎಂದು ತಲೆಯಾಡಿಸಿದಳು. ಏನನ್ನಿಸಿತು ಎಂದೆ. ಆ ಪುಟದಲ್ಲಿ ಒಂದು ಅಕ್ಷರ ತಪ್ಪಿತ್ತು, ನೀನು ನೋಡಿರಲಿಲ್ಲ, ನಾನೇ ತಿದ್ದಿದೆ ಎಂದು ಕೈಸನ್ನೆಯಲ್ಲಿ ಹೇಳಿ ಕಂಪ್ಯೂಟರಿನ ಕಡೆ ತಿರುಗಿದಳು. ನನಗೆ ನೋವಾಗಬಾರದೆಂದು ಹಾಗೆ ಹೇಳಿದಳೋ, ಅವಳಿಗೆ ನಿಜವಾಗಿ ಅನ್ನಿಸಿದ್ದೇ ಅಷ್ಟೋ, ಇವತ್ತಿಗೂ ತಿಳಿದಿಲ್ಲ.

ನನ್ನ ಗಂಡನಿಗೆ ಬೀಜದ ಅಂಗಡಿಯಿದೆ. ಸಂಜೆ ಅಂಗಡಿಗೆ ಹೊರಡುವಾಗ ಅಂದರು, "ರೈತರು ಬಂದು ಈ ಬೀಜ ಖಾತ್ರಿ ಹುಟ್ಟತಾವೇನ್ರಿ ಅಂತ ಕೇಳತಾರ. ನಾನೂ ನಿನ್ನಂಗ ತಡವರಸ್ತೇನಿ."

ಹುಡುಗಿ ಹೋದ ಮೇಲೆ ನನ್ನ ತಲೆಯೊಳಗೆ ಬೇರೊಂದು ಹುಳ ಹೊಕ್ಕಿತು. ಮಗಳ ಕಿವುಡುತನಕ್ಕೆ ನಮ್ಮ ಮದುವೆಯೇ ಕಾರಣ ಎಂದು ಇಷ್ಟು ವರ್ಷ ನಂಬಿದ್ದೆ. ಆ ನಂಬಿಕೆಯಿಂದಲೇ ಪುಸ್ತಕ ಬರೆದಿದ್ದೆ. ಆದರೆ ಅವಳು ಹೊಟ್ಟೆಯಲ್ಲಿದ್ದಾಗ ನನಗೆ ಮೈಮೇಲೆ ಗುಳ್ಳೆ ಎದ್ದು ಜ್ವರವೂ ಬಂದಿತ್ತು. ಅದರಿಂದಲೂ ಆಗಿರಬಹುದಲ್ಲ? ಹುಬ್ಬಳ್ಳಿಯ ಡಾಕ್ಟರೊಬ್ಬರ ಹತ್ತಿರ ಹೋದೆವು. ನನ್ನ ಸಮಾಧಾನಕ್ಕೆ ಮಗಳು ರಕ್ತ ಕೊಟ್ಟಳು. ಕೆಲವು ವಾರಗಳ ಮೇಲೆ ಡಾಕ್ಟರು ಕರೆದು, ತಾವು ನೋಡಿದ ಜೀನುಗಳಲ್ಲಿ ಕಾರಣ ಸಿಗಲಿಲ್ಲ ಎಂದರು. "ಇಲ್ಲ ಅಂತಲ್ರಿ, ಕಾಣಲಿಲ್ಲ ಅಂತ."

ಬಸ್ಸಿನಲ್ಲಿ ಗಂಡ ಕೇಳಿದರು, "ಹಂಗಾರ ನಮ್ಮ ಲಗ್ನದಿಂದ ಹೌದೋ ಅಲ್ಲೋ?"

ಮೂರು ಸಲ ಬಿಡಿಸಿ ಹೇಳಿದೆ. "ಅಲ್ಲಾ, ಒಂದು ಹೌದು ಅನ್ನು, ಇಲ್ಲಂದ್ರ ಅಲ್ಲ ಅನ್ನು," ಅಂದರು. ಎರಡೂ ಅನ್ನಲಾಗಲಿಲ್ಲ. ಮಗಳು ಕಿಟಕಿಗೆ ತಲೆಯಾನಿಸಿ ನಿದ್ದೆಹೋಗಿದ್ದಳು.

ಇದಾದ ಮೇಲೆ ಹುಡುಗಿಯ ತಂದೆ ಫೋನು ಮಾಡಿದರು. "ನಿಮ್ಮ ಪುಸ್ತಕಾ ನನ್ನ ಮಗಳನ್ನ ಉಳಿಸ್ತು ನೋಡ್ರಿ. ಆಕೀನ ಒಲ್ಲೆ ಅಂದ್ಲು." ಆದರೆ ಅಷ್ಟರೊಳಗೆ ಹುಡುಗಿ ನನ್ನ ಮಗಳಿಗೆ ಮೊಬೈಲಿನಲ್ಲಿ ಎಲ್ಲವನ್ನೂ ಬರೆದಿದ್ದಳು. ಹಲಗೇರಿಗೆ ತಾನೇ ಹೋಗಿ, ಹೊಲದಲ್ಲಿದ್ದ ಮಾಮಾನ ಮುಂದೆ "ನಿನ್ನನ್ನ ಗಂಡ ಅಂತ ತಿಳಿಯಾಕ ನನಗ ಆಗವಲ್ದು" ಅಂದಳಂತೆ. ಅವನು ಬೈಕಿನ ಮೇಲೆ ಅವಳನ್ನು ಬಸ್ ಸ್ಟ್ಯಾಂಡಿಗೆ ಬಿಟ್ಟುಹೋದನಂತೆ. ಕಾರಣ ಪುಸ್ತಕವೆಂದೇ ಅಪ್ಪ ತಿಳಿದುಕೊಂಡಿರಲಿ, ಅದೇ ಸಲೀಸು ಎಂದೂ ಬರೆದಿದ್ದಳು. ಹೀಗೆ ನಾನು ಮಾಡದ ಕೆಲಸಕ್ಕೆ ನನಗೆ ಕೃತಜ್ಞತೆ ಸಂದಿತು.

ಹೋದ ತಿಂಗಳು ಹಾವೇರಿಯ ಬಸ್ ಸ್ಟ್ಯಾಂಡಿನಲ್ಲಿ ಒಬ್ಬ ಹೆಂಗಸು ನನ್ನನ್ನೇ ದಿಟ್ಟಿಸುತ್ತ ಹತ್ತಿರ ಬಂದಳು. ಪುಸ್ತಕದ ಹಿಂದಿನ ಫೋಟೋ ನೋಡಿ ಗುರುತು ಹಿಡಿದಿದ್ದಳು. ಆ ಹುಡುಗಿಯ ತಾಯಿ.

"ನಮ್ಮ ಅಪ್ಪ ಅವ್ವ ಇಲ್ರಿ ಈಗ," ಅಂದಳು. "ಮಗಳನ್ನ ಕೊಟ್ಟಿದ್ರ ಹಲಗೇರಿಗೆ ಹೋಗಾಕ ನನಗೊಂದು ನೆಪ ಇರತಿತ್ತು. ನನ್ನ ತಮ್ಮ ಈಗ ಫೋನ ಎತ್ತವಲ್ಲ. ತವರಮನಿ ಹೋತು ನಂದು. ಅದನ್ನೂ ಬರದೀರೇನು ಪುಸ್ತಕದಾಗ?"

"ಇಲ್ಲವಾ."

"ಬರೀಬೇಕಾಗಿತ್ತು."

ಅಷ್ಟರಲ್ಲಿ ಅವಳು ಹೋಗಬೇಕಾದ ಬ್ಯಾಡಗಿಯ ಬಸ್ಸು ಬಂತು. ಅವಳು ಗದ್ದಲದಲ್ಲಿ ನುಗ್ಗಿ ಹತ್ತಿ, ಕಿಟಕಿಯಿಂದ ಕೈಬೀಸಿ ಕೂಗಿದಳು, "ಬರ್ರಿ ಅಕ್ಕಾರ, ಲಗೂ ಬರ್ರಿ, ಸೀಟ ಹಿಡದೇನಿ!"

ನಾನು ಹೋಗಬೇಕಾದದ್ದು ಮನೆಗೆ, ರಾಣೆಬೆನ್ನೂರಿಗೆ, ಅದು ಬೇರೆ ಬಸ್ಸು. ಅದನ್ನು ಹೇಳಲು ಬಾಯಿ ತೆರೆದೆ. ಹೇಳದೆ ಹತ್ತಿ ಅವಳ ಪಕ್ಕದಲ್ಲಿ ಕೂತೆ.