ಬೇವಿನ ಕೆಳಗೆ ಕೂತಿದ್ದವರು

ನೋಟ್‌ಬುಕ್ಕಿನ ಆ ಪುಟದ ಮೇಲೆ ತುಕ್ಕಿನ ಬಣ್ಣದ ದುಂಡು ಕಲೆಯೊಂದಿದೆ. ಪೂರ್ತಿ ದುಂಡಲ್ಲ, ಒಂದು ಕಡೆ ಕಿರುಬೆರಳಿನ ಅಗಲದಷ್ಟು ಕಡಿದಿದೆ. ಎನಾಮಲ್ ಕಪ್ಪಿನ ತಳದಲ್ಲಿ ಎನಾಮಲ್ ಉಳಿದಿದ್ದದ್ದು ಅಷ್ಟೇ ಜಾಗದಲ್ಲಿ. ಉಳಿದ ಕಡೆಯೆಲ್ಲ ಕಬ್ಬಿಣ ಕಾಣುತ್ತಿತ್ತು.

ಆ ಕಪ್ ನಮ್ಮ ತೋಟದ ಮನೆಯ ಹೊರಗೋಡೆಯ ಗೂಡಿನಲ್ಲಿ ಬೋರಲಾಗಿ ಇರುತ್ತಿತ್ತು. ಒಳಗಿನ ಲೋಟಗಳ ಜೊತೆ ಅದನ್ನು ತೊಳೆಯುತ್ತಿರಲಿಲ್ಲ, ಕುಡಿದವರೇ ತೊಳೆದಿಡಬೇಕು. ಅದು ಯಾರ ಕಪ್ ಎಂದು ಚಿಕ್ಕಂದಿನಲ್ಲಿ ಕೇಳಿದ ನೆನಪು ನನಗಿಲ್ಲ. ಕೇಳಬೇಕು ಅನ್ನಿಸಿರಲೂ ಇಲ್ಲ.

ಎಂಬತ್ತರ ದಶಕದ ಕೊನೆ. ಧಾರವಾಡದಲ್ಲಿ ತತ್ತ್ವಶಾಸ್ತ್ರದ ಎಂ.ಎ. ಎರಡನೆಯ ವರ್ಷದಲ್ಲಿದ್ದೆ. ಪರೀಕ್ಷೆಗೆ ಓದಿಕೊಳ್ಳಲೆಂದು ಐನಾಪುರದ ಹೊರಗಿನ ನಮ್ಮ ತೋಟಕ್ಕೆ ಬಂದಿದ್ದೆ. ದ್ರಾಕ್ಷಿ ಕೊಯ್ಲು ಇನ್ನೇನು ಶುರುವಾಗುವ ದಿನಗಳು. ಅಪ್ಪ ಅವ್ವ ಮದುವೆಯೊಂದಕ್ಕೆ ನಿಪ್ಪಾಣಿಗೆ ಹೋಗಿದ್ದರು, ಅಜ್ಜಿ ಕಬ್ಬಿನ ಹೊಲದ ಕಡೆಗೆ ಹೋಗಿದ್ದಳು. ನಾನು ಕಟ್ಟೆಯ ಮೇಲೆ ಕೂತು ಗ್ರೀಕರ ಒಂದು ಹಳೆಯ ಜಗಳವನ್ನು ಗಟ್ಟಿಯಾಗಿ ಓದಿಕೊಳ್ಳುತ್ತಿದ್ದೆ.

ಅಂಗಳದ ಬೇವಿನ ಕೆಳಗೆ ನೀರು ಬಿಡುವವರೊಬ್ಬರು ಕೂತು ರೊಟ್ಟಿ ತಿನ್ನುತ್ತಿದ್ದರು. ಕೃಷ್ಣೆಯ ದಂಡೆಯಿಂದ ನೀರೆತ್ತಿ ತೋಟಗಳಿಗೆ ಕೊಡುವ ಸೊಸೈಟಿಯೊಂದಿತ್ತು. ಪಾಳಿಯ ಪ್ರಕಾರ ಒಬ್ಬೊಬ್ಬರ ತೋಟದ ವಾಲ್ವ್ ತೆರೆದು ಮುಚ್ಚುವುದು ಅವರ ಕೆಲಸ. ಅವರ ಕೇರಿಯಲ್ಲಿ ತಿಂಗಳ ಪಗಾರಿನ ಮೊದಲ ನೌಕರಿ ಅದು. ಮನೆಯ ಗೋಡೆಗೆ ಬುದ್ಧನ ಪಟದ ಕೆಳಗೆ ಆ ನೇಮಕದ ಕಾಗದಕ್ಕೂ ಕಟ್ಟು ಹಾಕಿಸಿ ತೂಗುಹಾಕಿದ್ದರಂತೆ. ಅವತ್ತು ನಮ್ಮ ಕಬ್ಬಿನ ಪಾಳಿ. ನಮ್ಮ ವಾಲ್ವ್ ತೆರೆದು, ಪಾಳಿ ಮುಗಿಯಲೆಂದು ನಮ್ಮ ಅಂಗಳದಲ್ಲೇ ಕಾಯುತ್ತಿದ್ದರು.

"ಅಕ್ಕಾರ, ಆವಾಗಿಂದ ಅದನ್ನ ಓದಾಕತ್ತೀರಿ. ಇಲ್ಲ, ಐತಿ, ಇಲ್ಲ, ಐತಿ. ಯಾರ್ದರ ಕಳವಾಗೇತೇನ್ರಿ?" ಎಂದು ಕೇಳಿದರು.

ನಾನು ಮಾತು ಕಡಿಮೆಯವಳು. ಅವತ್ತು ಮನೆಯಲ್ಲಿ ಬೇರೆ ಕಿವಿಗಳಿರಲಿಲ್ಲವೆಂದೋ ಏನೋ, ಹೇಳಿದೆ. ಗ್ರೀಕರಲ್ಲಿ ಒಬ್ಬ ಹಿರಿಯ, ಇರುವುದು ಮಾತ್ರ ಇದೆ, ಇಲ್ಲದ್ದನ್ನು ಯೋಚಿಸಲೂ ಬಾರದು ಆಡಲೂ ಬಾರದು ಎಂದ. ಊರೂರು ತಿರುಗಿ ವಾದ ಕಲಿಸುತ್ತಿದ್ದ ಮಾತಿನ ಜಾಣರಿಗೆ ಅದೇ ಒಂದು ಗುರಾಣಿಯಾಯಿತು. ಸುಳ್ಳೆಂದರೆ ಇಲ್ಲದ್ದನ್ನು ಹೇಳುವುದು, ಇಲ್ಲದ್ದನ್ನು ಹೇಳಲು ಬರುವುದೇ ಇಲ್ಲ, ಹಾಗಾದರೆ ಲೋಕದಲ್ಲಿ ಸುಳ್ಳು ಹೇಳುವವನೇ ಇಲ್ಲ.

ಅವರು ರೊಟ್ಟಿ ಅಗಿಯುವುದನ್ನು ನಿಲ್ಲಿಸಿದರು. "ಇಲ್ಲದ್ದ ಹೇಳಾಕ ಬರಂಗಿಲ್ಲಂದ್ರ ನಮ್ಮ ಊರಾಗ ಅರ್ಧ ಮಂದಿ ಮೂಕರಾಗಬೇಕಿತ್ತಲ್ರಿ!"

ನಾನು ನಕ್ಕೆ. ಆ ಮಾತನ್ನು ಪುಟದ ಅಂಚಿನಲ್ಲಿ ಬರೆದುಕೊಂಡೆ. ಅಂಚಿನಲ್ಲಿ ಬರೆಯುವಾಗ ತಾರೀಖು, ಹೊತ್ತು ಹಾಕುವುದು ನನ್ನ ಚಟ. ರೇಡಿಯೋದಲ್ಲಿ ಮಧ್ಯಾಹ್ನದ ವಾರ್ತೆ ಆಗತಾನೆ ಮುಗಿದಿತ್ತು, ಅದನ್ನೂ ಬರೆದೆ. ಆಮೇಲೆ ಅವರು ಕುಡಿಯಲು ನೀರು ಕೇಳಿದರು. ಗೂಡಿನ ಕಪ್ ಅವರೇ ತೆಗೆದುಕೊಂಡರು, ನಾನು ಮೇಲಿನಿಂದ ಸುರಿದೆ. ಕೊಡ ಇಡಲು ಒಳಗೆ ಹೋದೆ. ಗಾಳಿಗೆ ಹಾಳೆಗಳು ಹಾರತೊಡಗಿದ್ದವು. ಹೊರಗೆ ಬಂದು ನೋಡಿದರೆ, ಹಾರದಿರಲೆಂದು ಅವರು ನೋಟ್‌ಬುಕ್ಕಿನ ತೆರೆದ ಪುಟದ ಮೇಲೆ ಆ ಒದ್ದೆ ಕಪ್ಪನ್ನೇ ಹೇರಿಟ್ಟಿದ್ದರು. ಹೊತ್ತು ವಾಲುವವರೆಗೆ ಕೂತಿದ್ದು, ನಮ್ಮ ವಾಲ್ವ್ ಮುಚ್ಚಿ ಹೋದರು. ಅಜ್ಜಿ ಹೊಲದಿಂದ ಬಂದವಳು ಅದನ್ನು ಕಂಡು, "ಸರಸ್ವತಿ ಮ್ಯಾಲ ಅಂವನ ಕಪ್ಪೇನ ಬೇ? ಎಂ.ಎ. ಕಲಿಯೂದ ಅಂದ್ರ ಇದನ?" ಎಂದು ರೇಗಿದಳು. ಕೋಲಿನಿಂದ ಕಪ್ಪನ್ನು ಕೆಳಗೆ ಉರುಳಿಸಿದಳು.

ಅದೇ ಮಧ್ಯಾಹ್ನ, ಒಂದು ಮೈಲಿ ಆಚೆಯ ನಮ್ಮ ಕಾಕಾನ ದ್ರಾಕ್ಷಿ ತೋಟದ ವಾಲ್ವನ್ನೂ ಯಾರೋ ತೆರೆದಿದ್ದರು. ಕೊಯ್ಲಿಗೆ ಬಂದ ದ್ರಾಕ್ಷಿಗೆ ನೀರು ಬಿಟ್ಟರೆ ಕಾಯಿ ಬಿರಿಯುತ್ತದೆ. ಬಿರಿದವು. ಮೂರನೆಯ ದಿನ ಸೊಸೈಟಿಯ ಸೆಕ್ರೆಟರಿ ಪೈಪ್‌ಲೈನಿನ ಗುಂಟ ಮನೆಮನೆಗೆ ವಿಚಾರಿಸುತ್ತ ನಮ್ಮಲ್ಲಿಗೂ ಬಂದರು.

"ಅವತ್ತ ಮಧ್ಯಾಹ್ನ ನಿಮ್ಮಲ್ಲೆ ಯಾರ್ಯಾರ ಇದ್ರಿ?"

"ಯಾರೂ ಇರಲಿಲ್ರಿ. ನಾ ಒಬ್ಬಾಕೀನ ಇದ್ನಿ."

ಬರೆದುಕೊಂಡರು. ಸಹಿ ಮಾಡಿದೆ. ಒಂದು ಕ್ಷಣವೂ ಅನುಮಾನ ಬರಲಿಲ್ಲ. ಇದನ್ನು ಎಷ್ಟು ನೇರವಾಗಿ ಬರೆಯಬಹುದೋ ಅಷ್ಟು ನೇರವಾಗಿ ಬರೆಯುತ್ತಿದ್ದೇನೆ: ನಾನು ಏನನ್ನೂ ಬಚ್ಚಿಡಲಿಲ್ಲ. ಅಪ್ಪ ಇಲ್ಲ, ಅವ್ವ ಇಲ್ಲ, ಅಜ್ಜಿ ಇಲ್ಲ ಎಂದು ಎಣಿಸಿದೆ. ಎಣಿಕೆ ಮುಗಿಯಿತು.

ಎರಡು ದಿನ ಬಿಟ್ಟು ನೀರು ಬಿಡುವವರು ಬಂದರು. ಅಂಗಳಕ್ಕೆ ಬರಲಿಲ್ಲ, ಬೇಲಿಯ ಬಳಿಯೇ ನಿಂತರು.

"ಅಕ್ಕಾರ, ಅವತ್ತ ನಾ ಇಲ್ಲೆ ಇದ್ನಿಲ್ಲೋ?"

"ಇದ್ದಿ."

"ಹಂಗಾರ ಕಾಗದದಾಗ ಯಾಕ ಇಲ್ರಿ?"

ದನಿಯಲ್ಲಿ ಸಿಟ್ಟಿರಲಿಲ್ಲ. ಅದೇ ಕಷ್ಟವಾಯಿತು. ಕಾಕಾ ಇವರ ಮೇಲೆ ದೂರು ಕೊಟ್ಟಿದ್ದ. ಆ ಹೊತ್ತು ತಾವು ನಮ್ಮ ಅಂಗಳದಲ್ಲಿದ್ದುದಾಗಿ ಇವರು ಹೇಳಿದ್ದಕ್ಕೆ, ಸುಳ್ಳುಗಾರ ಎಂದು ನನ್ನ ಸಹಿಯ ಕಾಗದ ತೋರಿಸಿದ್ದರು. ರವಿವಾರ ಸೊಸೈಟಿಯ ಕಮಿಟಿ ಕೂತು ನೌಕರಿಯಿಂದ ತೆಗೆಯುವುದಿತ್ತು.

"ನಾ ಬಂದು ಹೇಳ್ತೀನಿ," ಎಂದೆ. ಅವರು ನಂಬಿದಂತೆ ಕಾಣಲಿಲ್ಲ. ಕಮಿಟಿಯ ಮುಂದೆ ನಿಂತು ಮಾತಾಡುವ ಹೆಣ್ಣುಮಗಳನ್ನು ಆ ಊರು ಅಲ್ಲಿಯವರೆಗೆ ಕಂಡಿರಲಿಲ್ಲ. ನಾನೋ, ತರಗತಿಯಲ್ಲಿ ಉತ್ತರ ಗೊತ್ತಿದ್ದರೂ ಕೈ ಎತ್ತದವಳು.

ರವಿವಾರ ನೋಟ್‌ಬುಕ್ಕನ್ನು ಚೀಲಕ್ಕೆ ಹಾಕಿಕೊಂಡು ಹೊರಟಾಗ ಅಜ್ಜಿ ತಡೆದಳು. ಬೈಯುತ್ತಾಳೆ ಅಂದುಕೊಂಡೆ. "ಬರೀ ಪುಸ್ತಕಾ ಒಯ್ದರ ನಿಮ್ಮ ಕಾಕಾ ಬಿಟ್ಟಾನೇನು? ಅಂವಂದು ಎಲಬಿಲ್ಲದ ನಾಲಿಗಿ. ಅದನ್ನೂ ಒಯ್ಯಿ," ಎಂದು ಗೂಡಿನ ಕಡೆ ಕೈ ಮಾಡಿದಳು. ಇಪ್ಪತ್ತೆರಡು ವರ್ಷದಲ್ಲಿ ಆ ಕಪ್ಪನ್ನು ನಾನು ಕೈಯಿಂದ ಮುಟ್ಟಿದ್ದು ಅದೇ ಮೊದಲು. ಬಹಳ ಹಗುರವಾಗಿತ್ತು.

ಸೊಸೈಟಿಯ ಒಳಗೆ ಏಳೆಂಟು ಜನ ಹಿರಿಯರು, ಬಾಗಿಲಲ್ಲಿ ನೋಡಲು ಬಂದವರು. ಗೋಡೆಗೆ ಒರಗಿ ನೀರು ಬಿಡುವವರು ನಿಂತಿದ್ದರು. ಚೇರಮನ್ ಅಜ್ಜ ಮೂಗಿಗೆ ತಪಕೀರು ಏರಿಸುತ್ತ, "ಹೇಳವಾ," ಎಂದರು.

"ಅವತ್ತು ಮಧ್ಯಾಹ್ನದ ವಾರ್ತಾದಿಂದ ಹೊತ್ತು ವಾಲೂತನಾ ಅವರು ನಮ್ಮ ಅಂಗಳದಾಗ ಇದ್ರು."

"ಅವರು!" ಕಾಕಾ ಸುತ್ತಲೂ ನೋಡಿ ನಕ್ಕ. "ಅಂವ ಅವರು ಆಗಿದ್ದು ಯಾವಾಗಲೇ? ಧಾರವಾಡದಾಗ ಇದನ್ನೂ ಕಲಿಸ್ತಾರೇನು?" ಆಮೇಲೆ ಕಾಗದ ಎತ್ತಿ ಹಿಡಿದ. "ನಾ ಒಬ್ಬಾಕೀನ ಇದ್ನಿ, ಅಂತ ಐತಿ. ಸಹಿ ನಿಂದಲ್ಲ?"

"ನಂದ್ರಿ ಕಾಕಾ."

"ಹಂಗಾರ ಇದು ಸುಳ್ಳೋ, ಈಗ ಹೇಳಾಕತ್ತಿದ್ದು ಸುಳ್ಳೋ?"

"ಅದು ಸುಳ್ಳರಿ."

"ಕೇಳಿದ್ರಿಲ್ಲ? ತಾನ ಸುಳ್ಳು ಹೇಳೀನಿ ಅಂತಾಳ. ಸುಳ್ಳು ಹೇಳಾಕಿ ಮಾತು ಹ್ಯಾಂಗ ಖರೇ ಅಂತ ಹಿಡಿಯೂನು?" ಬಾಗಿಲಲ್ಲಿ ನಗೆ ಎದ್ದಿತು. ಕಾಕಾ ಇನ್ನೂ ಹತ್ತಿರ ಬಂದ. "ಇರ್ಲಿ. ಅಂವ ನನ್ನ ವಾಲ್ವ್ ಹತ್ರ ಇರಲಿಲ್ಲಂತೀ. ನೀ ಅಲ್ಲೆ ಹೋಗಿದ್ದೇನು?"

"ಇಲ್ರಿ."

"ನೀ ಹೋಗದ ಜಾಗಾದಾಗ, ಇಲ್ಲದ ಮನಷ್ಯಾನ್ನ, ನೀ ಹ್ಯಾಂಗ ನೋಡಿದೀ ಮಗಳ? ಇಲ್ಲದ್ದು ಕಣ್ಣಿಗೆ ಕಾಣತೈತೇನು?"

ಎಲ್ಲರೂ ನಕ್ಕರು. ಚೇರಮನ್ ಅಜ್ಜನೂ ಮೀಸೆಯಲ್ಲೇ ನಕ್ಕರು. ಆಗಲೇ ಹೊಳೆಯಿತು: ಈ ಪ್ರಶ್ನೆ ನನಗೆ ಗೊತ್ತು. ಒಂದು ತಿಂಗಳಿನಿಂದ ಇದನ್ನೇ ಗಟ್ಟಿಯಾಗಿ ಓದುತ್ತಿದ್ದೇನೆ. ಊರೂರು ತಿರುಗುತ್ತಿದ್ದ ಆ ವಾದದ ಜಾಣರು ಎರಡೂವರೆ ಸಾವಿರ ವರ್ಷ ದಾಟಿ ನಮ್ಮ ಸೊಸೈಟಿಗೆ, ನಮ್ಮ ಕಾಕಾನ ಬಾಯಿಗೆ ಬಂದು ನಿಂತಿದ್ದಾರೆ. ಅವರಿಗೆ ಅಂದೇ ಸಿಕ್ಕ ಉತ್ತರವೂ ನನ್ನ ಚೀಲದಲ್ಲಿದೆ. 'ಇಲ್ಲ' ಎಂದರೆ ಶೂನ್ಯವಲ್ಲ, ಬೇರೆ. ಇದು ಬಿಳಿಯಲ್ಲ ಎಂದರೆ ಬಣ್ಣವೇ ಇಲ್ಲ ಎಂದಲ್ಲ, ಬೇರೆ ಬಣ್ಣ ಎಂದು. ಇರುವುದರ ಬಗ್ಗೆ, ಅದು ಇರುವುದಕ್ಕಿಂತ ಬೇರೆಯಾದದ್ದನ್ನು ಹೇಳುವುದೇ ಸುಳ್ಳು.

"ಇಲ್ಲದ್ದನ್ನ ನಾ ನೋಡಿಲ್ಲರಿ ಕಾಕಾ," ಎಂದೆ. "ಇದ್ದದ್ದನ್ನ ನೋಡೀನಿ. ಬೇವಿನ ಕೆಳಗ ಇದ್ರು. ಒಬ್ಬ ಮನಷ್ಯಾ ಒಂದು ಕಡೆ ಇದ್ದಾನಂದ್ರ, ಮೈಲಿ ಆಚೆ ಇಲ್ಲ ಅನ್ನಾಕ ಅಲ್ಲಿತನಾ ಹೋಗಿ ನೋಡೂದ ಬೇಕಿಲ್ಲ. ನೀವು ಈಗ ಇಲ್ಲೆ ಅದೀರಿ. ಮನ್ಯಾಗ ಇಲ್ಲ ಅಂತ ಕಾಕೂಗ ಹೋಗಿ ಕೇಳೂದು ಬೇಕೇನ್ರಿ?"

ಈ ಸಲದ ನಗೆ ಬೇರೆ ಕಡೆಯಿಂದ ಬಂತು.

"ಕಾಗದದ ಸುಳ್ಳಿಂದೂ ಹೇಳಿಬಿಡ್ತೀನಿ. ಯಾರ್ಯಾರ ಇದ್ರಿ ಅಂತ ಸೆಕ್ರೆಟರಿ ಸಾಹೇಬರು ಕೇಳಿದಾಗ ನಾ ನಮ್ಮ ಮಂದೀನ ಎಣಿಸಿದ್ನಿ. ಅಂಗಳದಾಗ ಇದ್ದವರನ್ನ ಎಣಿಸಲಿಲ್ಲ. ಅವರು ಇದ್ರು. ಇದ್ದವರನ್ನ ಇಲ್ಲ ಅಂದ್ನಿ. ಅದಕ್ಕ ಅದು ಸುಳ್ಳು. ನಮ್ಮನ್ಯಾಗ ಯಾರೂ ಹಂಗ ಎಣಿಸಂಗಿಲ್ಲ. ನಿಮ್ಮನ್ಯಾಗ ಎಣಿಸ್ತೀರೇನ್ರಿ?"

ಗೋಡೆಗೆ ಒರಗಿದ್ದವರು ತಲೆ ಎತ್ತಿ ನನ್ನನ್ನು ನೋಡಿದರು.

ನಾನು ನೋಟ್‌ಬುಕ್ ತೆರೆದು ಮೇಜಿನ ಮೇಲಿಟ್ಟೆ. ನನ್ನ ಬರವಣಿಗೆಯನ್ನು ಮನೆಯವರಿಗೂ ತೋರಿಸಿದವಳಲ್ಲ. ಅಂಚಿನ ತಾರೀಖು, ಹೊತ್ತು, ಆ ಮಾತು, ಎಲ್ಲವನ್ನೂ ಸೆಕ್ರೆಟರಿ ಗಟ್ಟಿಯಾಗಿ ಓದಿದರು. ಅರ್ಧ ಊರು ಮೂಕವಾಗಬೇಕಿತ್ತು ಎಂಬಲ್ಲಿಗೆ ಬಂದಾಗ ಚೇರಮನ್ ಅಜ್ಜನಿಗೆ ತಪಕೀರು ನೆತ್ತಿಗೇರಿತು.

"ಇದನ್ನ ನಿನ್ನೆ ಕೂತು ಬರದಿರಬೇಕು," ಎಂದ ಕಾಕಾ.

ಆಗ ಕಪ್ ತೆಗೆದೆ. ಅದನ್ನು ನೋಡಿದೊಡನೆ ಎಲ್ಲರಿಗೂ ತಿಳಿಯಿತು; ಅವರವರ ಮನೆಯ ಗೂಡಿನಲ್ಲೂ ಅಂಥದೊಂದಿತ್ತು. ಕಲೆಯ ಮೇಲೆ ಕಪ್ ಇಟ್ಟು ನಿಧಾನ ತಿರುಗಿಸಿದೆ. ಎನಾಮಲ್ ಉಳಿದಿದ್ದ ಜಾಗ, ಕಲೆ ಕಡಿದಿದ್ದ ಜಾಗದ ಮೇಲೆ ಬಂದು ಕೂತಿತು. ತುಕ್ಕು ಅವರದೇ ಮಾತಿನ ಮೇಲೆ ಹಾದಿತ್ತು, ಶಾಯಿ ಅಲ್ಲಲ್ಲಿ ಕದಡಿತ್ತು.

"ಬರದ ಮ್ಯಾಲ ಕಪ್ ಇಟ್ಟಾರ, ಕಪ್ ಇಟ್ಟ ಮ್ಯಾಲ ಬರದದ್ದಲ್ರಿ. ಅವತ್ತಿಂದ ಅವರು ನಮ್ಮ ಅಂಗಳಕ್ಕ ಕಾಲಿಟ್ಟಿಲ್ಲ. ಈ ಕಪ್ಪಿನ್ಯಾಗ ನಮ್ಮ ಮನಿಯವರು ಯಾರೂ ಕುಡಿಯಂಗಿಲ್ಲ. ಅದು ನಿಮಗೂ ಗೊತ್ತೈತಿ."

ಕಾಕಾ ಕಪ್ಪನ್ನು ನೋಡಿದ. ಕೈಯಲ್ಲಿದ್ದ ಕಾಗದವನ್ನು ಮೇಜಿನ ಮೇಲಿಟ್ಟು ಹಿಂದೆ ಸರಿದ.

ಚೇರಮನ್ ಅಜ್ಜ ಕಾಗದವನ್ನು ಸೆಕ್ರೆಟರಿಯ ಮುಂದೆ ತಳ್ಳಿದರು. "ಇದನ್ನ ಹೊಡದ ಹಾಕ್ರಿ. ಈ ಹುಡುಗಿ ಹೇಳಿದ್ದು ಬರೀರಿ. ಅಂವನ ನೌಕರಿ ಅಂವಂದು." ತುಸು ತಡೆದು, "ಅವರದು," ಎಂದರು.

ದ್ರಾಕ್ಷಿಯ ವಾಲ್ವ್ ತೆರೆದವರು ಯಾರೆಂದು ಅವತ್ತೂ ಗೊತ್ತಾಗಲಿಲ್ಲ, ಇವತ್ತಿಗೂ ಗೊತ್ತಿಲ್ಲ. ಗೊತ್ತಿಲ್ಲದ್ದನ್ನು ಬರೆಯಲಾರೆ. ಆದರೆ ಸೊಸೈಟಿಯಿಂದ ತೋಟದವರೆಗೆ ಬಿಸಿಲಲ್ಲಿ ನಾನು ನಡೆದ ನಡಿಗೆ ಗೊತ್ತು. ಸ್ವಲ್ಪ ದೂರ ಓಡಿದೆ ಕೂಡ. ಯಾರೂ ನೋಡಲಿಲ್ಲ. ಆಮೇಲೆ ಆ ಪರೀಕ್ಷೆಯಲ್ಲಿ ಸುಳ್ಳಿನ ಪ್ರಶ್ನೆಯೇ ಬಂತು. ಉದಾಹರಣೆಗೆ ನಾನು ಬೇವನ್ನು ಬರೆದೆ.

ಸೊಸೈಟಿಯ ಸಭೆಯ ಮರುದಿನ ಬೆಳಿಗ್ಗೆ ಅವರು ನಮ್ಮ ವಾಲ್ವ್ ತೆರೆಯಲು ಬಂದರು. ಒಲೆಯ ಮೇಲೆ ಚಹ ಕುದಿಯುತ್ತಿತ್ತು. ಅಜ್ಜಿ ಅಲ್ಲೇ ಕೂತು ನೋಡುತ್ತಿದ್ದಳು. ಎರಡು ಕಡೆ ಚಹ ಸೋಸಿ ಅಂಗಳಕ್ಕೆ ಒಯ್ದೆ. ಸ್ಟೀಲ್ ಲೋಟ ಅವರ ಕೈಗೆ ಕೊಟ್ಟೆ. ಎನಾಮಲ್ ಕಪ್ ನಾನು ಹಿಡಿದು, ಕಟ್ಟೆಯ ಮೇಲೆ ಕೂತು ಕುಡಿದೆ.