ಹನ್ನೆರಡು ಕಣ, ಉಳಿದದ್ದು ಅತ್ತೆಗೆ

ಸಂಜೆ ಮಗಳು ಹೋಂವರ್ಕ್ ಮುಗಿಸಿ ಪುಸ್ತಕ ಮುಚ್ಚುವ ಮೊದಲು ಇಣುಕಿ ನೋಡಿದೆ. ಐದೂವರೆ ಲೀಟರ್ ಹಣ್ಣಿನ ರಸವನ್ನು ಮುಕ್ಕಾಲು ಲೀಟರಿನ ಎಷ್ಟು ಬಾಟಲಿಗಳಿಗೆ ತುಂಬಬಹುದು? ಏಳು ಮತ್ತು ಮೂರನೇ ಒಂದು ಎಂದು ಬರೆದು ಅಡಿಗೆರೆ ಎಳೆದಿದ್ದಳು. ಆ ಮೂರನೇ ಒಂದು ಏನೇ, ಲೀಟರೋ ಬಾಟಲಿಯೋ ಎಂದೆ.

"ಅದನ್ನ ಕೇಳಿಲ್ಲಮ್ಮ. ಆನ್ಸರ್ ಕರೆಕ್ಟಾಗಿದೆ."

ತಾತನ ಮೊಮ್ಮಗಳೇ ಸರಿ.

ಅವಳ ತಾತ, ಅಂದರೆ ನನ್ನಪ್ಪ, ಗುಬ್ಬಿಯಲ್ಲಿ ಗಣಿತದ ಮೇಷ್ಟ್ರಾಗಿದ್ದರು. ಮಿಶ್ರ ಭಿನ್ನರಾಶಿಯನ್ನು ವಿಷಮ ಮಾಡು, ಭಾಗಿಸುವುದನ್ನು ತಲೆಕೆಳಗೆ ಮಾಡು, ಗುಣಿಸು ಎಂಬುದನ್ನು ನಾವು ಮಕ್ಕಳು ಶ್ಲೋಕದ ಹಾಗೆ ಒಪ್ಪಿಸುತ್ತಿದ್ದೆವು. ತಲೆಕೆಳಗೆ ಯಾಕೆ ಎಂದು ಕೇಳಿದರೆ ನಮ್ಮನ್ನೇ ತಲೆಕೆಳಗೆ ಮಾಡುವವರಂತೆ ನೋಡುತ್ತಿದ್ದರು. ಅಮ್ಮ ದೋಸೆ ಬಡಿಸಿದರೆ ಅದರ ಅಕ್ಕಿ-ಉದ್ದಿನ ಪ್ರಮಾಣವೂ ಒಂದು ಪ್ರಶ್ನೆಯೇ. ನಾನು ಉತ್ತರ ಹೇಳುವಷ್ಟರಲ್ಲಿ ದೋಸೆ ಆರಿ ಚರ್ಮವಾಗಿರುತ್ತಿತ್ತು. ಗಣಿತದಲ್ಲಿ ನಾನು ಇಷ್ಟು ದಡ್ಡಿಯಾಗಿದ್ದಕ್ಕೆ ಆ ದೋಸೆಗಳೂ ಕಾರಣ ಎಂದು ಈಗಲೂ ನಂಬಿದ್ದೇನೆ.

ತೊಂಬತ್ತರ ದಶಕದಲ್ಲಿ ನಮ್ಮಕ್ಕನ ಸೀಮಂತ ಬಂತು. ಹದಿಮೂರು ಜನ ಮುತ್ತೈದೆಯರಿಗೆ ರವಿಕೆ ಕಣ ಕೊಡಬೇಕು. ಎಲ್ಲರಿಗೂ ಒಂದೇ ಬಟ್ಟೆಯಾದರೆ ಹೋಲಿಸಿ ನೋಡುವ ಗೋಜಿಲ್ಲ ಎಂದು ಅಮ್ಮ ಹೇಳಿದ್ದರಿಂದ ಅಪ್ಪ ತುಮಕೂರಿಗೆ ಹೋಗಿ ಒಂಬತ್ತೂವರೆ ಮೀಟರ್ ಹಸಿರು ಬಟ್ಟೆ ತಂದರು. ಥಾನಿನಲ್ಲಿ ಇದ್ದದ್ದೇ ಅಷ್ಟು. ಕಣಕ್ಕೆ ಮುಕ್ಕಾಲು ಮೀಟರ್. ಅಪ್ಪ ತಲೆಕೆಳಗೆ ಮಾಡಿ ಗುಣಿಸಿದರು: ಹನ್ನೆರಡು ಮತ್ತು ಮೂರನೇ ಎರಡು.

"ಹನ್ನೆರಡು ಕಣ ಆಗಿ ಮೂರನೇ ಎರಡು ಮೀಟರ್ ಉಳಿಯುತ್ತೆ. ನಾಲ್ಕು ಬೆರಳಷ್ಟು ಕಮ್ಮಿ. ಅದು ಜಯಂಗೆ ಆಯ್ತು. ನಮ್ಮೋಳೇ ತಾನೇ, ಏನೂ ಅಂದ್ಕೊಳಲ್ಲ."

ಜಯತ್ತೆ ಅಪ್ಪನ ಒಬ್ಬಳೇ ತಂಗಿ, ಕುಣಿಗಲ್ಲಿಗೆ ಕೊಟ್ಟವಳು. ನಮ್ಮ ಮನೆಯ ಶುಭಕಾರ್ಯಗಳಲ್ಲಿ ಹೊರಗಿನವರಿಗೆಲ್ಲ ಆದ ಮೇಲೆ ತನಗೆ ಎಂದು ನೊಂದು, ಕೆಲವು ವರ್ಷಗಳಿಂದ ಬರುವುದನ್ನೇ ಬಿಟ್ಟಿದ್ದಳು. ಅಕ್ಕನೇ ಹೋಗಿ, ನೀನು ಬರದಿದ್ದರೆ ನಾನು ಹಸೆಗೆ ಕೂರುವುದಿಲ್ಲ ಎಂದು ಹಟ ಹಿಡಿದಿದ್ದರಿಂದ ಒಪ್ಪಿದ್ದಳು. ಈ ಸಲ ಮುನಿದು ಹೋದರೆ ತವರಿನ ನಂಟು ಹರಿದಂತೆಯೇ ಎಂದು ಮನೆಯವರಿಗೆಲ್ಲ ಗೊತ್ತಿತ್ತು, ಅಪ್ಪನೊಬ್ಬರನ್ನು ಬಿಟ್ಟು.

ಸೀಮಂತದ ಬೆಳಿಗ್ಗೆ ಅಮ್ಮ ಕತ್ತರಿಸುತ್ತ ಕೊನೆಗೆ ಬಂದು ನಿಂತಳು.

"ರೀ, ಇದು ಅರ್ಧ ಮೀಟರೇ ಇರೋದು."

ಅಪ್ಪ ಮತ್ತೆ ಪೆನ್ಸಿಲ್ ಹಿಡಿದರು. "ಲೆಕ್ಕ ಸರಿಯಾಗೇ ಇದೆ. ಅಂಗಡಿಯವನ ಅಳತೆ ಸರಿ ಇಲ್ಲ."

ಆಗಲೇ ಜನ ಬರತೊಡಗಿದ್ದರು. ಅಮ್ಮ ಒಳಗೆ ಕಾಗದವಿಟ್ಟು, ದಪ್ಪ ಕಾಣುವಂತೆ ಮಡಿಸಿಟ್ಟಳು. ಆದರೆ ಜಯತ್ತೆ ಬಿಚ್ಚಿ ನೋಡುವ ಪೈಕಿ. ಮೊಣಕೈಯಿಂದ ಬೆರಳ ತುದಿಗೆ ಹಿಡಿದಳು, ಬಟ್ಟೆ ಅಲ್ಲಿಗೇ ಮುಗಿಯಿತು.

"ಅಣ್ಣಯ್ಯ, ಇದ್ರಲ್ಲಿ ತೋಳು ಹೊಲಿಸ್ಲೋ, ಬೆನ್ನು ಹೊಲಿಸ್ಲೋ?"

ಅಪ್ಪ ಮೂರನೇ ಎರಡರಿಂದ ವಿವರಿಸಲು ಶುರು ಮಾಡಿದರು. ಅತ್ತೆ ಕುಂಕುಮ ಇಟ್ಟುಕೊಂಡು, ಅಕ್ಕನ ತಲೆ ಸವರಿ, ಊಟಕ್ಕೂ ನಿಲ್ಲದೆ ಬಸ್ ಸ್ಟ್ಯಾಂಡಿಗೆ ಹೊರಟುಹೋದಳು. ಅವಳಿಗೆಂದು ಬಡಿಸಿದ್ದ ಹೋಳಿಗೆಯನ್ನು ಅಮ್ಮ ಎತ್ತಿಟ್ಟಳು.

ಕೆಲವು ದಿನಗಳ ಮೇಲೆ ಅಪ್ಪ ಶಾಲೆಯಿಂದ ಪೆಚ್ಚುಮೋರೆ ಹಾಕಿಕೊಂಡು ಬಂದರು. ಪಾಠ ಮಾಡುವಾಗ ಹೊಳೆಯಿತಂತೆ. "ಮೂರನೇ ಎರಡು ಅನ್ನೋದು ಮೀಟರಿನದ್ದಲ್ಲ ಕಣೇ, ಕಣದ್ದು. ಮುಕ್ಕಾಲರಲ್ಲಿ ಮೂರನೇ ಎರಡು ಅಂದ್ರೆ ಅರ್ಧ."

"ಕತ್ರಿ ಅವತ್ತೇ ಹೇಳ್ತಲ್ಲ," ಎಂದಳು ಅಮ್ಮ.

ಭಾನುವಾರ ನನ್ನನ್ನೂ ಕರೆದುಕೊಂಡು ಕುಣಿಗಲ್ಲಿಗೆ ಹೊರಟರು. ಚೀಲದಲ್ಲಿ ಮುಕ್ಕಾಲು ಮೀಟರಿನ ಹೊಸ ಕಣ. ಅತ್ತೆ ನೀರು ಕೊಟ್ಟಳು, ಕಾಫಿ ಕೊಟ್ಟಳು, ಅಂಗಡಿಯವನನ್ನು ದೋಷಮುಕ್ತನನ್ನಾಗಿ ಮಾಡಿದ ಅಪ್ಪನ ಲೆಕ್ಕವನ್ನು ಪೂರ್ತಿ ಕೇಳಿಸಿಕೊಂಡಳು. ಆಮೇಲೆ ಮೆಲ್ಲಗೆ ಹೇಳಿದಳು:

"ಲೆಕ್ಕ ತಪ್ಪಿದ್ದಕ್ಕೆ ನಾನು ಎದ್ದು ಬರ್ಲಿಲ್ಲ ಅಣ್ಣಯ್ಯ. ಲೆಕ್ಕ ಸರಿ ಇದ್ದಿದ್ರೂ ನಾಲ್ಕು ಬೆರಳು ಕಮ್ಮಿ ಇರೋದು ನಂಗೇ ಅಂತ ಮೊದ್ಲೇ ಬರ್ದಿಟ್ಟಿದ್ಯಲ್ಲ."

ಅಪ್ಪ ಕಾಫಿ ಲೋಟವನ್ನೇ ನೋಡುತ್ತ ಕೂತರು. ಅವರ ಕಣ್ಣಲ್ಲಿ ನೀರು ನೋಡಿದ್ದು ನಾನು ಅದೇ ಮೊದಲು. ಅತ್ತೆ ಆಮೇಲೆ ಬಂದು ಹೋಗಿ ಮಾಡಿದಳು, ಅಕ್ಕನ ಬಾಣಂತನಕ್ಕೂ ನಿಂತಳು. ಅಪ್ಪ ಮಾತ್ರ ತರಗತಿಯಲ್ಲಿ ಪ್ರತಿ ಲೆಕ್ಕದ ಕೊನೆಗೂ, ಉಳಿದದ್ದು ಯಾರಿಗೆ ಎಂದು ಕೇಳತೊಡಗಿದರು. ಪರೀಕ್ಷೆಗೆ ಬಾರದ ಪ್ರಶ್ನೆಯೆಂದು ಮಕ್ಕಳ ಅಪ್ಪಂದಿರು ಹೆಡ್‌ಮಾಸ್ಟರಿಗೆ ದೂರು ಕೊಟ್ಟರು.

ಇದನ್ನೆಲ್ಲ ನೆನೆಯುತ್ತ ಇವತ್ತು ಚಪಾತಿ ಲಟ್ಟಿಸಿದೆ. ಕೊನೆಯದಕ್ಕೆ ಹಿಟ್ಟು ಸಾಲದೆ ಅದು ಅರ್ಧವೇ ಆಯಿತು. ಮಗಳು ಬಡಿಸಲು ಬಂದಳು. ಅವರಪ್ಪನಿಗೆ, ತಮ್ಮನಿಗೆ, ತನಗೆ ಇಡಿಯವನ್ನು ಹಾಕಿ, ಯೋಚನೆಯನ್ನೇ ಮಾಡದೆ ಆ ಅರ್ಧವನ್ನು ನನ್ನ ತಟ್ಟೆಗೆ ಹಾಕಿದಳು.

"ಇದು ನಿಂಗೆ. ನೀನೇನೂ ಅಂದ್ಕೊಳಲ್ಲ ಅಲ್ವಾ ಅಮ್ಮ?"

ಬಾಯಿಗೆ ಬಂದ ರೂಢಿಯ ಉತ್ತರವನ್ನು ನುಂಗಿಕೊಂಡೆ.

"ಅಂದ್ಕೋತೀನಿ ಕಣೇ," ಎಂದೆ.