ಹಾಕದೇ ಉಳಿದ ಸಂಕ

ಆ ದಿನ ನಾನು ಆ ಮಾತು ಆಡಿದೆನೋ, ಬರೀ ನಕ್ಕು ಸುಮ್ಮನಾದೆನೋ, ಇವತ್ತಿಗೂ ನನಗೆ ಖಾತ್ರಿಯಿಲ್ಲ. ನಾನು ಚರಿತ್ರೆ ಓದಿದವನು. ಒಬ್ಬನದೇ ಹೇಳಿಕೆಯನ್ನು ನಂಬಬಾರದು ಎಂದು ಮದರಾಸಿನ ಕಾಲೇಜಿನಲ್ಲಿ ಕಲಿಸಿದ್ದರು. ಇಲ್ಲಿ ಹೇಳಿಕೆಯೂ ನನ್ನದು, ಬಹುಮಟ್ಟಿಗೆ ಸಾಕ್ಷಿಯೂ ನಾನೇ. ಓದುವವರು ಅಷ್ಟು ಎಚ್ಚರ ಇಟ್ಟುಕೊಳ್ಳಬೇಕು.

1957ರ ಚುನಾವಣೆಯಲ್ಲಿ ಗೆದ್ದು ನಾನು ಮೈಸೂರು ರಾಜ್ಯದ ವಿಧಾನಸಭೆಗೆ ಹೋದೆ. ಹಿಂದಿನ ವರ್ಷದವರೆಗೆ ನಮ್ಮ ಜಿಲ್ಲೆ ಮದರಾಸಿಗೆ ಸೇರಿತ್ತು. ಪುತ್ತೂರಿನ ಕಚೇರಿಗಳಲ್ಲಿ ಯಾವ ಅರ್ಜಿಯನ್ನು ಯಾವ ಊರಿಗೆ ಕಳಿಸಬೇಕೆಂಬ ಗೊಂದಲ ಇನ್ನೂ ಮುಗಿದಿರಲಿಲ್ಲ. ಶಾಸಕನ ಕೆಲಸವೆಂದರೆ ಸದನದಲ್ಲಿ ವಾದ ಮಾಡುವುದು ಎಂದುಕೊಂಡಿದ್ದೆ. ಜನರಿಗೆ ಬೇಕಾಗಿದ್ದದ್ದು ರಸ್ತೆ, ಶಾಲೆಗೆ ಹೆಂಚಿನ ಮಾಡು, ಹೊಳೆಗೆ ಸೇತುವೆ.

ಆಲೆಟ್ಟಿಯ ಆಚೆ, ಹೊಳೆಯ ಇನ್ನೊಂದು ದಡದಲ್ಲಿ ಒಂದು ಸಣ್ಣ ಊರಿತ್ತು. ಬೇಸಗೆಯಲ್ಲಿ ಕಲ್ಲಿನಿಂದ ಕಲ್ಲಿಗೆ ಕಾಲಿಟ್ಟು ದಾಟಬಹುದು. ಮಳೆಗಾಲದಲ್ಲಿ ಸುಳ್ಯಕ್ಕೆ ಹೋಗಬೇಕಾದರೆ ಸಂಕವೇ, ಅಂದರೆ ಮರದ ಕಾಲುಸೇತುವೆಯೇ ಗತಿ. ಪ್ರತಿವರ್ಷ ಮಳೆ ಹಿಡಿಯುವ ಮುಂಚೆ ಮನೆಗೊಂದು ಅಡಿಕೆ ಮರ, ಮನೆಗೊಬ್ಬ ಆಳು ಬರಬೇಕು. ಮರಗಳನ್ನು ಹೊಳೆಗೆ ಅಡ್ಡ ಹಾಸಿ, ಎರಡೂ ದಡಗಳಲ್ಲಿ ಬಿಗಿದು, ಹಿಡಿದು ನಡೆಯಲು ಬಿದಿರಿನ ಕೈತಾಂಗು ಕಟ್ಟುತ್ತಿದ್ದರು. ಕೆಲಸ ಮುಗಿದ ಮೇಲೆ ಯಾರಾದರೊಬ್ಬರ ಮನೆಯಲ್ಲಿ ಪಾಯಸ. ಇದಕ್ಕೆ ಕರೆ ಕೊಡುವ ಹಕ್ಕು ಕುಶಾಲಪ್ಪನ ಮನೆಯದು. ಅವನು ಕರೆಯದೆ ಯಾರೂ ಮರಕ್ಕೆ ಕತ್ತಿ ಹಾಕುವಂತಿರಲಿಲ್ಲ. ಈ ಕುಶಾಲಪ್ಪ ನನ್ನ ಚುನಾವಣೆಗಾಗಿ ಸಂಪಾಜೆಯವರೆಗೆ ಮನೆಮನೆ ನಡೆದವನು. ಅದಕ್ಕೆ ಬದಲಾಗಿ ಅವನು ಕೇಳಿದ್ದು ಒಂದೇ: ಆ ಹೊಳೆಗೊಂದು ಸೇತುವೆ.

1959ರ ಬೇಸಗೆಯೆಂದು ನೆನಪು. ಮರುವರ್ಷದ್ದೂ ಇರಬಹುದು. ಆ ಸೇತುವೆಗೆ ಆಡಳಿತಾತ್ಮಕ ಮಂಜೂರಾತಿ ಸಿಕ್ಕಿತು. ಹಾಗೆಂದರೆ, ಸೇತುವೆ ಬೇಕು ಎಂದು ಸರಕಾರ ಒಪ್ಪಿದೆ, ಅಷ್ಟೇ. ಅದರ ನಂತರ ಎಸ್ಟಿಮೇಟ್, ತಾಂತ್ರಿಕ ಒಪ್ಪಿಗೆ, ಬಜೆಟ್ಟಿನಲ್ಲಿ ಹಣ, ಟೆಂಡರ್. ಇಷ್ಟಕ್ಕೂ ವರ್ಷಗಳು ಹಿಡಿಯುತ್ತವೆ. ಇದು ನನಗೆ ಚೆನ್ನಾಗಿ ಗೊತ್ತಿತ್ತು. ಶಾಲೆಯ ಜಗಲಿಯಲ್ಲಿ ಸಭೆ ಸೇರಿದ್ದವರಿಗೆ ಗೊತ್ತಿರಲಿಲ್ಲ.

ಸಭೆಗೆ ಮೇಲಿನ ಊರಿನ ಐತ್ತಪ್ಪ ರೈ ಕೂಡ ಬಂದಿದ್ದ. ಅವನ ಊರು ಅದೇ ಹೊಳೆಯ ಮೇಲ್ಗಡೆ, ಗುಡ್ಡೆಯ ಆಚೆ; ಅವರೂ ಪ್ರತಿವರ್ಷ ತಮ್ಮದೇ ಸಂಕ ಹಾಕುತ್ತಿದ್ದರು. ಚುನಾವಣೆಯಲ್ಲಿ ಅವನು ನನ್ನ ಎದುರಾಳಿಯ ಕಡೆ. ನಾನು ಕುಳಿತುಕೊಳ್ಳುವ ಮೊದಲೇ ಶುರುಮಾಡಿದ.

"ಶಾಸಕರು ಬಂದ್ರು. ಬ್ರಿಜ್ಜು ಕಿಸೆಯಲ್ಲಿ ಉಂಟಾ?"

ಜನ ನಕ್ಕರು. ನನಗೆ ಉರಿಯಿತು. ಎದ್ದು ನಿಂತು ಮಂಜೂರಾತಿಯ ಸುದ್ದಿ ಹೇಳಿದೆ. ಅದರ ಮುಂದಿನ ಹಂತಗಳ ಬಗ್ಗೆ ಏನೂ ಹೇಳಲಿಲ್ಲ. ಚಪ್ಪಾಳೆ ಬಿತ್ತು. ಆಗ ಕುಶಾಲಪ್ಪ ಕೇಳಿದ:

"ಹಾಗಾದ್ರೆ ಈ ವರ್ಷ ಸಂಕ ಹಾಕುದು ಬೇಡ ಅಲ್ವಾ?"

"ಬೇಡ ಮಾರಾಯ, ನೀನು ಮಂಜೂರಾತಿಯ ಮೇಲೆ ನಡ್ಕೊಂಡು ಹೋಗು," ಎಂದ ಐತ್ತಪ್ಪ. "ನಾವಂತೂ ನಮ್ಮ ಮರ ಕಡೀತೇವೆ."

ಮತ್ತೆ ನಗು. ನಾನು "ಹಾಕಿ" ಎಂದಿದ್ದರೆ ಐತ್ತಪ್ಪ ಗೆದ್ದ ಹಾಗಾಗುತ್ತಿತ್ತು. ಆ ಲೆಕ್ಕಾಚಾರ ಮಾತ್ರ ನನಗೆ ಸ್ಪಷ್ಟವಾಗಿ ನೆನಪಿದೆ. ಆಮೇಲೆ ನಾನು ಮುಗುಳ್ನಕ್ಕು ಎಳನೀರು ಎತ್ತಿಕೊಂಡೆ ಎಂದು ನನ್ನ ನೆನಪು ಹೇಳುತ್ತದೆ. ಆದರೆ "ಇನ್ನು ಸುಮ್ಮನೆ ಯಾಕೆ ಮರ ಹಾಳು ಮಾಡ್ತೀರಿ" ಎಂದು ನಾನು ಹೇಳಿದೆನೆಂದು ಕುಶಾಲಪ್ಪ ಹೇಳುತ್ತಾನೆ. ಆ ವಾಕ್ಯ ನನ್ನದೇ ಧಾಟಿಯಲ್ಲಿದೆ. ಅದೇ ನನ್ನನ್ನು ಕಾಡುವುದು.

ನಾನು ಅಧಿವೇಶನಕ್ಕೆಂದು ಬೆಂಗಳೂರಿಗೆ ಹೋದೆ. ಮಳೆ ಬಿರುಸಾಗಿರುವ ಆಟಿ ತಿಂಗಳಲ್ಲಿ ಪುತ್ತೂರಿಗೆ ಮರಳಿದ ಎರಡನೆಯ ದಿನವೋ ಮೂರನೆಯ ದಿನವೋ ಕುಶಾಲಪ್ಪ ಬಂದ. ಅವನ ಹೆಂಡತಿ ದೇವಕಿ ತೀರಿಕೊಂಡಿದ್ದಳು. ಬೆಳಿಗ್ಗೆ ವಾಂತಿ ಭೇದಿ ಶುರುವಾಗಿದೆ. ಹೊಳೆ ತುಂಬಿ ಹರಿಯುತ್ತಿದೆ, ಸಂಕ ಇಲ್ಲ. ಕುರ್ಚಿಗೆ ಕೋಲು ಕಟ್ಟಿ, ಅವಳನ್ನು ಕೂರಿಸಿ, ಸುತ್ತುಬಳಸಿ ಹೊತ್ತುಕೊಂಡು ಹೋಗಿದ್ದಾರೆ. ಸುಳ್ಯದ ಆಸ್ಪತ್ರೆ ಮುಟ್ಟುವ ಮೊದಲೇ ಜೀವ ಹೋಗಿದೆ. ಯಾವ ದಾರಿಯಲ್ಲಿ ಸುತ್ತುಬಳಸಿದರು ಎಂದು ನಾನು ಕೇಳಲಿಲ್ಲ.

"ನೀವು ಬೇಡ ಹೇಳಿದ್ರಲ್ಲ, ಅದಕ್ಕೆ ನಾನು ಕರೆ ಕೊಡ್ಲಿಲ್ಲ," ಎಂದ.

"ನಾನು ಬೇಡ ಅಂದೆನಾ, ಕುಶಾಲಪ್ಪ?"

"ಹೇಳಿದ್ರಲ್ಲ." ಸಿಟ್ಟಿರಲಿಲ್ಲ. ಕಾಫಿ ಲೋಟ ಕೆಳಗಿಟ್ಟ. "ನಿಮ್ಮನ್ನು ದೂರುದಲ್ಲ. ಬ್ರಿಜ್ಜಿನ ಕೆಲಸ ಯಾವಾಗ ಸುರು ಅಂತ ಕೇಳ್ಲಿಕ್ಕೆ ಬಂದದ್ದು. ಇನ್ನೊಬ್ರಿಗೆ ಹಾಗೆ ಆಗುದು ಬೇಡ."

ಬೈದಿದ್ದರೆ ವಾದ ಮಾಡುತ್ತಿದ್ದೆ. ವಾದ ಮಾಡುವುದು ನನಗೆ ಬರುತ್ತಿತ್ತು.

ಕೆಲವು ವಾರಗಳ ಮೇಲೆ ಇಲಾಖೆಯ ಎಂಜಿನಿಯರೊಬ್ಬರೊಡನೆ ಈ ವಿಷಯ ತೆಗೆದೆ. ಅವರು, "ಈ ವರ್ಷದ ನೆರೆಗೆ ಅಡಿಕೆ ಮರದ ಸಂಕ ನಿಲ್ತಿರ್ಲಿಲ್ಲ ಸಾರ್. ನಿಂತಿದ್ರೂ ರೋಗಿಯನ್ನು ಹೊತ್ತು ದಾಟ್ಲಿಕ್ಕೆ ಸಾಧ್ಯವೇ ಇಲ್ಲ," ಎಂದರು. ಯಾರ ಮಾತನ್ನೂ ಪರೀಕ್ಷಿಸದೆ ಒಪ್ಪದ ನಾನು ಈ ಮಾತನ್ನು ಮಾತ್ರ ಪರೀಕ್ಷಿಸದೆ ಒಪ್ಪಿಕೊಂಡೆ. ಬಹಳ ವರ್ಷ ಅದನ್ನೇ ಹಿಡಿದುಕೊಂಡು ನಿದ್ದೆ ಮಾಡಿದೆ.

ಮುಂದಿನ ಚುನಾವಣೆಯಲ್ಲಿ ಸೋತೆ. ಸೇತುವೆ ಆಮೇಲೆ ಬಂತು. ನನ್ನ ನಂತರದವರು ಅದರ ಟೇಪು ಕತ್ತರಿಸಿದರು. ನಾನು ಜನರ ಹಿಂದೆ ನಿಂತಿದ್ದೆ. ಕುಶಾಲಪ್ಪ ಹುಡುಕಿಕೊಂಡು ಬಂದು, "ಬನ್ನಿ ಬನ್ನಿ, ನೀವು ಮಾಡ್ಸಿದ ಬ್ರಿಜ್ಜು, ನೀವು ನಡೀದಿದ್ರೆ ಹೇಗೆ?" ಎಂದು ಕೈ ಹಿಡಿದು ಆಚೆ ದಡದವರೆಗೆ ನಡೆಸಿದ. ನಡುವೆ ಎಲ್ಲೂ ನಿಲ್ಲಲು ನನಗೆ ಧೈರ್ಯವಾಗಲಿಲ್ಲ.

ಆ ಹುದ್ದೆ ನನಗೆ ಕಲಿಸಿದ್ದು ಇಷ್ಟು: ಮಂಜೂರಾಯಿತೆಂದು ಹೇಳುವ ದಿನವೇ, ಅದು ಕೈಗೆ ಬರುವವರೆಗೆ ಜನ ಏನು ಮಾಡಬೇಕೆಂಬುದನ್ನೂ ಹೇಳಬೇಕು. ಅದನ್ನು ಹೇಳಿದರೆ ಚಪ್ಪಾಳೆ ಕಡಿಮೆಯಾಗುತ್ತದೆ. ನನ್ನ ನಗುವನ್ನು, ಅದು ಬರೀ ನಗುವೇ ಆಗಿದ್ದರೂ, ಊರು ಉತ್ತರವೆಂದೇ ತೆಗೆದುಕೊಂಡಿತು.

ಅರವತ್ತರ ದಶಕ ಮುಗಿಯುವ ಹೊತ್ತಿಗೆ ಒಮ್ಮೆ ಜಾಲ್ಸೂರಿನಲ್ಲಿ ಕಾಸರಗೋಡಿನ ಬಸ್ಸಿಗೆ ಕಾಯುತ್ತಿದ್ದಾಗ ಐತ್ತಪ್ಪ ಸಿಕ್ಕಿದ. ಅದು ಇದು ಮಾತಾಡಿ, ಕೊನೆಗೆ ಕೇಳಿಯೇಬಿಟ್ಟೆ. "ಆ ವರ್ಷದ ನೆರೆಗೆ ನಿಮ್ಮ ಸಂಕವೂ ಕೊಚ್ಚಿಕೊಂಡು ಹೋಗಿರಬೇಕಲ್ಲ?"

"ಎಲ್ಲಿಗೆ ಹೋಗುದು ಮಾರಾಯ್ರೆ? ದೇವಕಿಯನ್ನು ದಾಟಿಸಿದ್ದೇ ಅದರ ಮೇಲೆ. ಗುಡ್ಡೆ ಹತ್ತಿಸಿ ನಮ್ಮಲ್ಲಿಗೆ ತರುವಾಗ್ಲೇ ಹೊತ್ತಾಗಿತ್ತು."

ಆ ಮಾತನ್ನು ನಂಬದಿರಲು, ಅವನು ನನ್ನ ವಿರೋಧಿ ಎಂಬ ನೆಪ ಇನ್ನೂ ಉಳಿದಿತ್ತು. ಬಸ್ಸು ಬಿಟ್ಟು ಕುಶಾಲಪ್ಪನ ಮನೆಗೆ ಹೋದೆ. ಅವನಿಗೆ ನನ್ನ ಪ್ರಶ್ನೆಯೇ ವಿಚಿತ್ರವೆನಿಸಿತು. "ಹೌದಲ್ಲ. ಕುರ್ಚಿಯ ಹಿಂದಿನ ಕೋಲಿಗೆ ಐತ್ತಪ್ಪಣ್ಣನೇ ಹೆಗಲು ಕೊಟ್ಟದ್ದು. ನೀರು ಕಾಲಿನ ಹತ್ರಕ್ಕೆ ಬಂದಿತ್ತು. ನಿಮಗೆ ಗೊತ್ತಿರ್ಲಿಲ್ವಾ?"

ನನ್ನ ಮಾತಿನ ಬಗ್ಗೆ ಇಂದಿಗೂ ಖಾತ್ರಿಯಿಲ್ಲ. ಇದೊಂದು ಮಾತ್ರ ಇಬ್ಬರ ಬಾಯಲ್ಲೂ ಕೇಳಿ ಖಚಿತಪಡಿಸಿಕೊಂಡದ್ದು: ಅದೇ ಹೊಳೆ, ಅದೇ ನೆರೆ, ಅದೇ ಅಡಿಕೆ ಮರ. ಮೇಲಿನ ಊರಿನ ಸಂಕ ನಿಂತಿತ್ತು.